ಕೂವೆಮರ, ಕವಡೆ, ಕಾರ್ಣಿಕ: ಬೆಟ್ಟದವರಿಗೆ ಕಡಲ ಮಾತು ಯಾಕೆ?

ಎಲ್ಲರಿಗೂ ನಮಸ್ಕಾರ.

ಮಡಿಕೇರಿಯಲ್ಲಿ ಹಡಗಿನ ಬಗ್ಗೆ ಮಾತಾಡುತ್ತೇನೆ ಅಂದಾಗ ಕೆಲವರಿಗೆ ಆಶ್ಚರ್ಯವಾಯಿತು. ಕಾಫಿ, ಆನೆ, ಮಳೆ ನಮ್ಮ ವಿಷಯ. ಕಡಲು ಮಂಗಳೂರಿನವರದು, ಕಾರವಾರದವರದು. ಹಾಗಲ್ಲ ಅಂತ ಹೇಳಲಿಕ್ಕೇ ನಾನು ಬಂದಿದ್ದೇನೆ.

ಹಾಯಿ ಕಟ್ಟುವ ಎತ್ತರದ ಕಂಬಕ್ಕೆ ಕನ್ನಡದಲ್ಲಿ ಕೂವೆ ಅನ್ನುತ್ತಾರೆ, ಕೂವೆಮರ. ಅದಕ್ಕೆ ತೆಂಗು ಆಗುವುದಿಲ್ಲ. ನೆಟ್ಟಗೆ ಬೆಳೆದ, ಹಗುರವಾದ, ಗಾಳಿಗೆ ಮುರಿಯದ ಮರ ಬೇಕು. ಅಂಥ ಮರ ಬೆಳೆಯುವುದು ನಮ್ಮ ಘಟ್ಟದ ದಟ್ಟ ಕಾಡಿನಲ್ಲಿ. ಅಲ್ಲಿ ಬಿಸಿಲು ಬೇಕಾದರೆ ಮೇಲಕ್ಕೆ ಏರಲೇಬೇಕು, ಅಡ್ಡ ಕೊಂಬೆ ಬಿಡಲು ಪುರುಸೊತ್ತಿಲ್ಲ. ಬ್ರಿಟಿಷರು ಪೂನ್‌ಸ್ಪಾರ್ ಅಂತ ಕರೆದದ್ದು ಇದನ್ನೇ. ಸುರಹೊನ್ನೆಯ ಕುಲದ ಮರ. ಅವರ ಕಾಲದ ಬರಹಗಳಲ್ಲಿ ಕೊಡಗಿನ ಕಾಡಿನ ಮರಗಳ ಸಾಲಿನಲ್ಲಿ ಇದರ ಹೆಸರು ಬರುತ್ತದೆ. ಹಡಗಿನ ಮೈಯಲ್ಲಿ ಎಲ್ಲಕ್ಕಿಂತ ಎತ್ತರದ ಭಾಗ ಬೆಟ್ಟದ್ದು. ಮತ್ತೆ ಕಡಲು ನಮ್ಮದಲ್ಲ ಅಂದರೆ ಹೇಗೆ?

ಹಡಗಿನ ಲೋಕದ ಇನ್ನು ಕೆಲವು ಮಾತುಗಳು ದೂರದಿಂದ ಬಂದವು. ಚುಕ್ಕಾಣಿಯ ಮೂಲ ಅರಬ್ಬೀ. ಲಂಗರು, ಬಂದರು ಪಾರಸಿ. ಭಟ್ಕಳ, ಹೊನ್ನಾವರಕ್ಕೆ ಆ ಕಡೆಯಿಂದ ಹಡಗಿನಲ್ಲಿ ಕುದುರೆ ಇಳಿಯುತ್ತಿದ್ದ ಕಾಲ ನೆನಪಿಸಿಕೊಳ್ಳಿ. ಕುದುರೆಯ ಜೊತೆ ಮಾತೂ ಇಳಿಯಿತು. ಈಗ ಚುಕ್ಕಾಣಿ ಅಂದರೆ ಮಕ್ಕಳಿಗೆ ಗೊತ್ತಿರುವುದು ಅಧಿಕಾರದ ಚುಕ್ಕಾಣಿ ಮಾತ್ರ. ಹಡಗಿನ ಹಿಂದೆ ನೀರೊಳಗೆ ಇಳಿದಿರುವ ಹಲಗೆ ಅದು ಅಂತ ಎಷ್ಟು ಜನಕ್ಕೆ ಗೊತ್ತು? ನನಗೆ ಸಂಕಟವಾಗುವುದು ಇಲ್ಲೇ. ಮಾತು ಉಳಿದಿದೆ, ಅದರ ಕೆಲಸ ಮರೆತುಹೋಗಿದೆ.

ಕೂವೆಗೆ ಇನ್ನೊಂದು ಉಪಯೋಗವಿತ್ತು. ಅದರ ತುದಿಗೆ ಒಬ್ಬ ಹತ್ತಿ ಮುಂದೆ ನೋಡುತ್ತಿದ್ದ. ದಡ ಇದೆಯೋ, ಬಂಡೆ ಇದೆಯೋ, ಮೋಡ ಕಟ್ಟುತ್ತಿದೆಯೋ. ಕೆಳಗಿದ್ದವರಿಗೆ ಕಾಣದ್ದು ಅವನಿಗೆ ಕಾಣುತ್ತಿತ್ತು. ಈಗ ನಮ್ಮ ಕಣಿ ಅನ್ನುವ ಮಾತು ತೆಗೆದುಕೊಳ್ಳಿ. ಕಣ್ಣು, ಕಾಣು, ಕಣಿ ಎಲ್ಲ ಒಂದೇ ಬೇರಿನವು. ಗಡಿಯಾಚೆ ಕೇರಳದಲ್ಲಿ ವಿಷು ಹಬ್ಬದ ದಿನ ಕಣಿ ಅಂದರೆ ಬೆಳಗ್ಗೆ ಮೊದಲು ಕಾಣುವ ಶುಭನೋಟ. ನಮ್ಮಲ್ಲಿ ಕಣಿ ಹೇಳುವುದು ಅಂದರೆ ಮುಂದೆ ಬರುವುದನ್ನು ಕಂಡು ಹೇಳುವುದು.

ಹತ್ತಿ ನೋಡುವುದು ಅಂದೆನಲ್ಲ, ಮೈಲಾರದ ಕಾರ್ಣಿಕ, ಅಂದರೆ ಜಾತ್ರೆಯಲ್ಲಿ ನುಡಿಯುವ ಭವಿಷ್ಯವಾಣಿ, ಅದನ್ನು ಹೇಳದೆ ಮುಂದೆ ಹೋಗಲಾರೆ. ಭರತ ಹುಣ್ಣಿಮೆ ಕಳೆದ ಮೇಲೆ ಅಲ್ಲಿಯ ಡೆಂಕನಮರಡಿ ಅನ್ನುವ ಜಾಗದಲ್ಲಿ ಜನಸಾಗರ. ದಿನಗಟ್ಟಲೆ ಉಪವಾಸವಿದ್ದ ಗೊರವಯ್ಯ, ಮೈಲಾರಲಿಂಗನ ಭಕ್ತ, ಎತ್ತರದ ಬಿಲ್ಲು ಏರುತ್ತಾನೆ. ಮೇಲಿನಿಂದ ‘ಸದ್ದಲೇ’ ಅಂತ ಕೂಗುತ್ತಾನೆ. ಅಷ್ಟು ಜನ, ಅಷ್ಟು ಗದ್ದಲ, ಒಮ್ಮೆಲೇ ನಿಂತುಹೋಗುತ್ತದೆ. ಆಮೇಲೆ ಒಂದೇ ಒಂದು ಸಾಲು. ಅದನ್ನು ಹೇಳಿ ಬಿಲ್ಲಿನಿಂದ ಕೆಳಗೆ ಬೀಳುತ್ತಾನೆ, ಕೆಳಗಿದ್ದವರು ಹಿಡಿದುಕೊಳ್ಳುತ್ತಾರೆ. ಆ ಸಾಲಿನಲ್ಲಿ ರೈತ ಮಳೆ ಹುಡುಕುತ್ತಾನೆ, ವ್ಯಾಪಾರಿ ಧಾರಣೆ ಹುಡುಕುತ್ತಾನೆ, ರಾಜಕೀಯದವರು ಕುರ್ಚಿ ಹುಡುಕುತ್ತಾರೆ. ಇದು ನಡೆಯುವ ತಾಲೂಕು ಯಾವುದು ಹೇಳಿ? ಹೂವಿನಹಡಗಲಿ! ಹಂಪಿಗೆ ತುಂಗಭದ್ರೆಯ ಮೇಲೆ ಹಡಗಿನಲ್ಲಿ ಹೂವು ಹೋಗುತ್ತಿತ್ತು, ಅದಕ್ಕೇ ಈ ಹೆಸರು ಅಂತ ಅಲ್ಲಿಯವರು ಹೇಳುತ್ತಾರೆ. ಕಡಲಿಲ್ಲದ ಊರಿನ ಹೆಸರಿನಲ್ಲಿ ಹಡಗು, ಮಡಿಲಲ್ಲಿ ಕಾರ್ಣಿಕ. ನನಗೆ ಇದು ಬಹಳ ಇಷ್ಟ.

ಕವಡೆಯ ವಿಷಯ ಬೇಗ ಹೇಳಿಬಿಡುತ್ತೇನೆ. ಪ್ರಶ್ನೆ ನೋಡಲು, ಅಂದರೆ ಭವಿಷ್ಯ ಹೇಳಲು, ಹರಡುವ ಕವಡೆ ನಮ್ಮ ಹೊಳೆಯದ್ದಲ್ಲ, ಕಡಲಿನದು. ಹಳೆಯ ಕಾಲದಲ್ಲಿ ಅದು ರಾಶಿ ರಾಶಿಯಾಗಿ ಬರುತ್ತಿದ್ದದ್ದು ಮಾಲ್ಡೀವ್ಸ್‌ನಿಂದ, ಹಡಗಿನ ಹೊಟ್ಟೆಯಲ್ಲಿ. ಎಷ್ಟೋ ಕಡೆ ಅದೇ ಹಣವಾಗಿತ್ತು. ಭವಿಷ್ಯ ಕೇಳಲಿಕ್ಕೂ ನಮಗೆ ಹಡಗು ಬೇಕಾಯಿತು ನೋಡಿ.

ಇದೆಲ್ಲ ಮೂಢನಂಬಿಕೆ, ಈ ಮಾತುಗಳು ಹೋದರೆ ಹೋಗಲಿ ಅನ್ನುವವರಿದ್ದಾರೆ. ನಂಬುವುದು ಬಿಡುವುದು ಅವರವರ ಇಷ್ಟ. ಮಾತು ಬಿಡಬೇಡಿ. ನಮ್ಮ ದೇವರು ಪಾಡಿ ಇಗ್ಗುತಪ್ಪನ ಸನ್ನಿಧಿಯಲ್ಲಿ ಸುಗ್ಗಿ ಹಬ್ಬ ಹುತ್ತರಿಯ ಮುಹೂರ್ತ ಇಟ್ಟ ಮೇಲೆ ಇಡೀ ಕೊಡಗು ಒಂದೇ ರಾತ್ರಿ ಹೊಸ ಭತ್ತದ ಕದಿರು ತೆಗೆಯುತ್ತದೆ. ತಲಕಾವೇರಿಯಲ್ಲಿ ತೀರ್ಥ ಬರುವ ಗಳಿಗೆಯನ್ನು ಮೊದಲೇ ಲೆಕ್ಕ ಹಾಕಿ ಹೇಳುತ್ತಾರೆ. ಅದೇ ಕಾವೇರಿ ಕಡಲು ಸೇರುವುದು ಪೂಂಪುಹಾರ್‌ನಲ್ಲಿ, ಒಂದು ಕಾಲದ ದೊಡ್ಡ ಬಂದರಿನಲ್ಲಿ. ನಮ್ಮ ನದಿಯ ಒಂದು ತುದಿಯಲ್ಲಿ ಮುಹೂರ್ತದ ಮಾತು, ಇನ್ನೊಂದು ತುದಿಯಲ್ಲಿ ಹಡಗಿನ ಮಾತು. ಇನ್ನೂ ಕಡಲು ನಮ್ಮದಲ್ಲ ಅನ್ನುತ್ತೀರಾ?

ಸಮಯವಾಯಿತು ಅಂತ ಚೀಟಿ ಬಂದಿದೆ. ಮಳೆ ನಕ್ಷತ್ರಗಳ ಬಗ್ಗೆ, ಹರಿಗೋಲಿನ ಬಗ್ಗೆ ಹೇಳುವುದಿತ್ತು, ಬಿಡುತ್ತೇನೆ. ಇಲ್ಲಿರುವ ಮೇಷ್ಟ್ರುಗಳಲ್ಲಿ ಒಂದು ಕೇಳಿಕೆ. ಈ ರಜೆಯಲ್ಲಿ ಮಕ್ಕಳನ್ನು ಮಲ್ಪೆಗೆ ಕರೆದುಕೊಂಡು ಹೋಗಿ. ದೋಣಿ ಕಟ್ಟುವವರ ಹತ್ತಿರ ಕೂರಿಸಿ. ಊರಿಗೆ ಬಂದ ಮೇಲೆ ಮುಹೂರ್ತ ಇಡುವ ಹಿರಿಯರ ಹತ್ತಿರವೂ ಕೂರಿಸಿ. ಸುಮ್ನೆ ಪದಗಳ ಪಟ್ಟಿ ಮಾಡಿಸಬೇಡಿ. ಆ ಭಾಗ ಏನು ಮಾಡುತ್ತದೆ, ಆ ಲೆಕ್ಕ ಹೇಗೆ ಹಾಕುತ್ತಾರೆ ಅಂತ ಕೇಳಿ ಬರೆಸಿ. ಬರೆದದ್ದನ್ನು ಶಾಲೆಯ ಲೈಬ್ರರಿಯಲ್ಲಿ ಇಡಿ. ನನಗೂ ಒಂದು ಪ್ರತಿ ಕಳಿಸಿ.