ಬೇಲಿಯ ಆಚೆ ಬದಿ

ಕೇಳುಗರೇ, ನಮಸ್ಕಾರ. ಹೋದ ತಿಂಗಳು ಸರಸ್ವತಿಪುರಂನ ಗೆಳೆಯರ ಮನೆ ಮಹಡಿಯಲ್ಲಿ ಗೋಡೆಗೆ ಬಿಳಿ ಪಂಚೆ ಕಟ್ಟಿ ಒಂದು ಫಿಲಿಪ್ಪೀನ್ಸ್ ಸಿನಿಮಾ ನೋಡಿದೆವು. ಲಿನೋ ಬ್ರೋಕಾ 1976ರಲ್ಲಿ ಮಾಡಿದ 'ಇನ್ಸಿಯಾಂಗ್'. ಶುರುವಾಗುವುದೇ ಕಸಾಯಿಖಾನೆಯಲ್ಲಿ. ಹಂದಿಗೆ ಚೂರಿ ಹಾಕುತ್ತಾರೆ. ಅದರ ಕಿರುಚಾಟಕ್ಕೆ ಪಕ್ಕದ ಮನೆ ಅಜ್ಜಿ ಎದ್ದು ಬಂದು, "ಏನ್ರಪ್ಪಾ ಅದು, ಯಾರಿಗೇನಾಯ್ತು?" ಅಂತ ಕೂಗಿದರು.

ಆಮೇಲೆ ಕಥೆ ಮನಿಲಾದ ಕೊಳೆಗೇರಿಗೆ ಬರುತ್ತದೆ. ಒಬ್ಬ ಅಮ್ಮ, ಮಗಳು, ಅಮ್ಮ ಮನೆಗೆ ಕರೆತಂದ ಗಂಡಸು. ಅವನು ಮಗಳನ್ನು ಕೆಡಿಸುತ್ತಾನೆ. ಅಮ್ಮ ಅವನ ಕಡೆಗೇ ನಿಲ್ಲುತ್ತಾಳೆ. ಮುಗಿದ ಮೇಲೆ ಒಬ್ಬ ಹುಡುಗ ಕೇಳಿದ: "ಸರ್ವಾಧಿಕಾರದ ಕಾಲದ ಸಿನಿಮಾ ಅಂದ್ರಲ್ಲ ಸಾರ್, ಇದರಲ್ಲಿ ಸರ್ಕಾರ ಎಲ್ಲಿದೆ?"

ಎಲ್ಲೂ ಇಲ್ಲ. ಹೇಗಿರುತ್ತೆ? 1972ರಲ್ಲೇ ಅಲ್ಲಿನ ಅಧ್ಯಕ್ಷ ಮಾರ್ಕೋಸ್ ಮಿಲಿಟರಿ ಕಾನೂನು ಹೇರಿಯಾಗಿತ್ತು, ಚಿತ್ರಕಥೆಯನ್ನೇ ಮೊದಲು ಸೆನ್ಸಾರಿನವರಿಗೆ ಒಪ್ಪಿಸಬೇಕಿತ್ತು. ಮಾರ್ಕೋಸ್ ಹೆಂಡತಿ ಇಮೆಲ್ಡಾಗೆ ಊರು ಚೆಂದ ಕಾಣಬೇಕು. ವಿದೇಶಿ ಅತಿಥಿಗಳು ಬರುವ ದಾರಿಯಲ್ಲಿ ಗುಡಿಸಲು ಕಾಣಿಸಬಾರದು ಅಂತ ಬೇಲಿ ಕಟ್ಟಿ ಸುಣ್ಣ ಬಳಿಸುತ್ತಿದ್ದರು. ಬ್ರೋಕಾ ಘೋಷಣೆ ಗೀಷಣೆ ಏನೂ ಕೂಗಲಿಲ್ಲ, ಸುಮ್ನೆ ಕ್ಯಾಮೆರಾ ತಗೊಂಡು ಆ ಬೇಲಿಯ ಆಚೆ ಹೋದರು, ಅಷ್ಟೇ.

ನಮ್ಮಲ್ಲೂ ಅದೇ 1976, ಎಮರ್ಜೆನ್ಸಿ. ಸರ್ಕಾರದ ಪ್ರಚಾರಕ್ಕೆ ಹಾಡಲು ಒಪ್ಪಲಿಲ್ಲ ಅಂತ ಕಿಶೋರ್ ಕುಮಾರ್ ಹಾಡುಗಳು ಆಕಾಶವಾಣಿಯಲ್ಲಿ ಬಂದ್ ಆದವು. ಹೌದು, ರೇಡಿಯೋದಲ್ಲಿ ಕೂತೇ ಹೇಳುತ್ತಿದ್ದೇನೆ! 'ಸಂಸ್ಕಾರ'ದ ಚಂದ್ರಿಯಾಗಿದ್ದ ಸ್ನೇಹಲತಾ ರೆಡ್ಡಿ ಬೆಂಗಳೂರು ಜೈಲಿನಲ್ಲಿದ್ದರು. ಆಸ್ತಮಾ. ಪೆರೋಲ್ ಮೇಲೆ ಬಿಟ್ಟ ಕೆಲವೇ ದಿನಕ್ಕೆ, 1977ರ ಜನವರಿಯಲ್ಲಿ, ತೀರಿಕೊಂಡರು.

ಬ್ರೋಕಾ ಆಮೇಲೆ ಮರೆಯಲ್ಲಿ ಮಾತಾಡುವುದನ್ನೇ ಬಿಟ್ಟರು. 1984ರ 'ಬಯಾನ್ ಕೋ' ಸಿನಿಮಾವನ್ನು ಕದ್ದುಮುಚ್ಚಿ ದೇಶದಿಂದ ಹೊರಗೆ ಸಾಗಿಸಿ ಕಾನ್ ಚಿತ್ರೋತ್ಸವಕ್ಕೆ ಮುಟ್ಟಿಸಬೇಕಾಯಿತು. ಮರುವರ್ಷ ಜೀಪ್ನಿ ಡ್ರೈವರ್‌ಗಳ ಮುಷ್ಕರಕ್ಕೆ (ನಮ್ಮ ಟೆಂಪೋ ಥರದ ಗಾಡಿ ಅದು) ಜೊತೆಯಾಗಿ ಜೈಲಿಗೂ ಹೋದರು. 1986ರಲ್ಲಿ ಮಾರ್ಕೋಸ್ ದೇಶ ಬಿಟ್ಟು ಓಡಿದ ಮೇಲೆ ಹೊಸ ಸಂವಿಧಾನ ಬರೆಯುವ ಆಯೋಗಕ್ಕೆ ಬ್ರೋಕಾರನ್ನೂ ಸೇರಿಸಿದರು. ಮಾತಿಗೆ, ಪತ್ರಿಕೆಗೆ ಸ್ವಾತಂತ್ರ್ಯ ಅಂತ ಇದ್ದ ಕಡೆ 'ಅಭಿವ್ಯಕ್ತಿ' ಅನ್ನುವ ಪದವೂ ಬರಲಿ ಅಂತ ಹಟ ಹಿಡಿದು ಸೇರಿಸಿಸಿದರು. ಸಿನಿಮಾದವರಲ್ವಾ! ಆಮೇಲೆ ಬೇಸರವಾಗಿ ಕೆಲಸ ಮುಗಿಯುವ ಮೊದಲೇ ರಾಜೀನಾಮೆ ಕೊಟ್ಟು ಎದ್ದು ಬಂದರು.

ಮುಂದಿನ ಭಾನುವಾರ 'ಬಯಾನ್ ಕೋ' ಹಾಕುತ್ತೇವೆ. ಅದರಲ್ಲಿ ಸರ್ಕಾರ ಕಾಣುತ್ತೆ ಅಂತ ಆ ಹುಡುಗನಿಗೆ ಹೇಳಿದ್ದೇನೆ. ಅಜ್ಜಿಗೂ ಮೊದಲೇ ಹೇಳಿಟ್ಟಿದ್ದೇನೆ.