ಪಪೈರಸ್: ನೈಲ್ ನದಿಯ ಜೌಗಿನಲ್ಲಿ ಹುಟ್ಟಿದ ಹಾಳೆ

ಕೇಳುಗರಿಗೆ ನಮಸ್ಕಾರ.

ಈಜಿಪ್ಟ್ ಅಂದರೆ ಸಾಕು, ಪಿರಮಿಡ್ಡುಗಳ ಮಾತು ಬರುತ್ತದೆ. ನಾನಿವತ್ತು ಹೇಳಹೊರಟಿರುವುದು ಆ ಪಿರಮಿಡ್ಡಿಗೆ ಕಲ್ಲು ಸಾಗಿಸಿದವರ ದಿನಚರಿಯನ್ನೂ ಉಳಿಸಿಕೊಟ್ಟ ಹಾಳೆಯ ವಿಷಯ. ಅದೇ ಪಪೈರಸ್.

ನೈಲ್ ನದಿ ಕಡಲು ಸೇರುವಲ್ಲಿನ ಜೌಗಿನಲ್ಲಿ ಈ ಗಿಡ ಆಳೆತ್ತರ ಮೀರಿ ಬೆಳೆಯುತ್ತಿತ್ತು. ನಮ್ಮ ಹೊಲಗಳಲ್ಲಿ ರೈತರನ್ನು ಕಾಡುವ ಜೇಕಿನ ಕುಲದ್ದೇ ಇದು. ಮೂರು ಮೂಲೆಯ ದಂಟು. ಹಸಿರು ಸಿಪ್ಪೆ ಸುಲಿದರೆ ಒಳಗೆ ಬಿಳಿ ತಿರುಳು. ಅದನ್ನು ಉದ್ದಕ್ಕೆ ತೆಳ್ಳಗೆ ಸೀಳಿ, ಪಟ್ಟಿಗಳನ್ನು ಒತ್ತೊತ್ತಾಗಿ ಹಾಸುತ್ತಿದ್ದರು. ಅದರ ಮೇಲೆ ಇನ್ನೊಂದು ಪದರ, ಅಡ್ಡಡ್ಡ. ಬಡಿದು, ಭಾರ ಹೇರಿ, ಒಣಗಿಸಿ, ಕಲ್ಲಿನಿಂದಲೋ ಚಿಪ್ಪಿನಿಂದಲೋ ಉಜ್ಜಿದರೆ ಹಾಳೆ ಸಿದ್ಧ. ಪದರಗಳನ್ನು ಹಿಡಿದಿಡಲು ಹಸಿ ತಿರುಳಿನ ರಸವೇ ಸಾಕಿತ್ತು. ಹಾಳೆಗೆ ಹಾಳೆ ಸೇರಿಸಿ ಸುರುಳಿ ಮಾಡುವಾಗ ಮಾತ್ರ ಹಿಟ್ಟಿನ ಅಂಟು. ಬ್ರಿಟಿಷ್ ಮ್ಯೂಸಿಯಮ್ಮಿನ ಗ್ರೇಟ್ ಹ್ಯಾರಿಸ್ ಪಪೈರಸ್ ಸುಮಾರು 40 ಮೀಟರ್ ಉದ್ದವಿದೆ!

ದೇವರ ಸ್ತೋತ್ರ, ಸತ್ತವರಿಗಾಗಿ ಮಂತ್ರ, ವೈದ್ಯ, ಗಣಿತ ಎಲ್ಲವೂ ಇದರ ಮೇಲೆಯೇ. ಆದರೆ ನನ್ನ ಮನಸ್ಸನ್ನು ಹಿಡಿದದ್ದು ಮೆರೆರ್ ಎಂಬ ಮೇಸ್ತ್ರಿಯ ದಿನಚರಿ. ಕೆಂಪು ಸಮುದ್ರದ ದಂಡೆಯ ವಾದಿ ಅಲ್-ಜರ್ಫ್‌ನಲ್ಲಿ 2013ರಲ್ಲಿ ಫ್ರೆಂಚ್ ಪುರಾತತ್ವಜ್ಞ ಪಿಯರ್ ತಾಲೆ ಅವರ ತಂಡಕ್ಕೆ ಅದು ಸಿಕ್ಕಿತು. ಬರಹವಿರುವ ಪಪೈರಸ್‌ಗಳಲ್ಲಿ ಈವರೆಗೆ ಸಿಕ್ಕ ಅತ್ಯಂತ ಹಳೆಯವು ಇವೇ, ಸುಮಾರು 4,500 ವರ್ಷದ ಹಿಂದಿನವು. ತುರಾ ಗಣಿಯಲ್ಲಿ ಸುಣ್ಣಕಲ್ಲು ದೋಣಿಗೆ ತುಂಬಿದ್ದು, ಗೀಝಾಕ್ಕೆ ಸಾಗಿಸಿದ್ದು, ರಾತ್ರಿ ಎಲ್ಲಿ ತಂಗಿದ್ದು, ಇಷ್ಟೇ ಅದರಲ್ಲಿರುವುದು. ಖುಫು ದೊರೆಯ ಮಹಾ ಪಿರಮಿಡ್ಡನ್ನು ದುಡಿದವರ ಕಡೆಯಿಂದ ನೋಡಲು ಇದಕ್ಕಿಂತ ಒಳ್ಳೆಯ ಸಾಕ್ಷಿ ನನಗೆ ಗೊತ್ತಿಲ್ಲ.

ಗಿಡಕ್ಕೆ ನೀರು ಬೇಕು, ಹಾಳೆಗೆ ಒಣಹವೆ ಬೇಕು. ಅದಕ್ಕೇ ಜೌಗು ನಾಡಿನ ಬರಹಗಳು ಬಹುಪಾಲು ಕೊಳೆತುಹೋದವು, ಮರಳು ನಾಡಿನವು ಉಳಿದವು. ಹಾಗೆ ಉಳಿದ ಜಾಗಗಳಲ್ಲೊಂದು ಈಜಿಪ್ಟಿನ ಆಕ್ಸಿರಿಂಕಸ್ ಪಟ್ಟಣದ ಕಸದ ದಿಬ್ಬ. 1896ರಿಂದ ಗ್ರೆನ್‌ಫೆಲ್ ಮತ್ತು ಹಂಟ್ ಎಂಬ ಇಂಗ್ಲಿಷ್ ವಿದ್ವಾಂಸರು ಅಲ್ಲಿ ಅಗೆದರು. ಸಿಕ್ಕ ರಾಶಿಯಲ್ಲಿ ಒಂದು ಗ್ರೀಕ್ ಪ್ರಹಸನವಿತ್ತು. ಭಾರತದ ಕರಾವಳಿಯಲ್ಲಿ ಸೆರೆಸಿಕ್ಕ ಚಾರಿಷನ್ ಎಂಬ ಗ್ರೀಕ್ ಹೆಣ್ಣಿನ ಕಥೆ. ಅದರಲ್ಲಿ ಭಾರತೀಯರು ಆಡುವ ಮಾತುಗಳು ಕನ್ನಡವೆಂದು ಹುಲ್ಟ್ಷ್ ಎಂಬ ಜರ್ಮನ್ ವಿದ್ವಾಂಸರು 1904ರಲ್ಲಿ ವಾದಿಸಿದರು. ನಮ್ಮ ಗೋವಿಂದ ಪೈಗಳೂ ಈ ಬಗ್ಗೆ ಬರೆದರು. ಒಪ್ಪದವರೂ ಇದ್ದಾರೆ, ಚರ್ಚೆ ಮುಗಿದಿಲ್ಲ. ಆ ಹಾಳೆ ಈಗ ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯದಲ್ಲಿದೆ.

ನಮಸ್ಕಾರ.