ಮೆಟ್ಟಿಲು ಹತ್ತುವ ಮಗು

ಕೇಳುಗರಿಗೆ ನಮಸ್ಕಾರ.

ಏಳೆಂಟು ವರ್ಷದ ಹುಡುಗಿಯೊಬ್ಬಳಿಗೆ ಪಾಠದ ಮನೆಯಲ್ಲಿ ಜೊತೆಯ ಹುಡುಗನೊಬ್ಬ ಒಂದು ಪ್ರಶ್ನೆ ಕೇಳುತ್ತಾನೆ. ನಿನ್ನ ತಾಯಿ ಕೊಲೆ ಮಾಡಿ ಸೆರೆಮನೆಗೆ ಹೋಗಿದ್ದಳಂತೆ, ಆಗ ನೀನೂ ಅವಳ ಜೊತೆಗಿದ್ದೆಯಂತೆ, ಹೌದೆ? ಹುಡುಗಿ ಆ ಪ್ರಶ್ನೆಯನ್ನು ಹೊತ್ತುಕೊಂಡು ಮನೆಗೆ ಬರುತ್ತಾಳೆ. ತಾಯಿಯನ್ನು ಕೇಳಿಯೂ ಕೇಳುತ್ತಾಳೆ. ಆದರೆ ಉತ್ತರ ಬೀಳುವ ಮೊದಲೇ ಅವಳ ಕಿವಿಗಳು ಮುಚ್ಚಿಕೊಳ್ಳುತ್ತವೆ. ಮುಂದಿನ ಎರಡು ವರ್ಷ ಅವಳಿಗೆ ಏನೂ ಕೇಳಿಸುವುದಿಲ್ಲ. ಆ ಮೌನವನ್ನು ಒಡೆದು ಅವಳ ಕಿವಿಗೆ ಮೊದಲು ಬಿದ್ದ ಸದ್ದು ಯಾವುದೆಂದರೆ, ಸತ್ತುಹೋಗಿರುವ ಅಕ್ಕ ಮನೆಯ ಮೆಟ್ಟಿಲುಗಳನ್ನು ಅಂಬೆಗಾಲಿನಲ್ಲಿ ಹತ್ತುತ್ತಿರುವ ಸದ್ದು.

ಇದು ಅಮೆರಿಕದ ಕಾದಂಬರಿಕಾರ್ತಿ ಟೋನಿ ಮಾರಿಸನ್ ಅವರು 1987ರಲ್ಲಿ ಪ್ರಕಟಿಸಿದ 'ಬಿಲವೆಡ್' ಕಾದಂಬರಿಯ ಒಂದು ಪ್ರಸಂಗ. ಮರುವರ್ಷ ಈ ಕೃತಿಗೆ ಪುಲಿಟ್ಜರ್ ಪ್ರಶಸ್ತಿ ಬಂದಿತು. 1993ರಲ್ಲಿ ಮಾರಿಸನ್ ನೊಬೆಲ್ ಪುರಸ್ಕಾರ ಪಡೆದರು. ಗುಲಾಮಗಿರಿಯ ಚರಿತ್ರೆಯನ್ನು ಹೇಳುವ ಮಹಾಕೃತಿಯೆಂದು ಇದನ್ನು ಕಾಲೇಜುಗಳಲ್ಲಿ ಓದಿಸುತ್ತಾರೆ, ಅದು ಸರಿಯೇ. ಆದರೆ ಇದು ಮೊದಲ ಸಾಲಿನಿಂದಲೇ ದೆವ್ವದ ಮನೆಯ ಕಥೆ ಎಂಬುದನ್ನು ನಾವು ಮರೆಯಬಾರದು. ಒಹಾಯೊ ರಾಜ್ಯದ ಸಿನ್ಸಿನಾಟಿ ಊರಿನ ಅಂಚಿನಲ್ಲಿ, ಬ್ಲೂಸ್ಟೋನ್ ರಸ್ತೆಯಲ್ಲಿ, 124 ಎಂಬ ಸಂಖ್ಯೆಯ ಮನೆಯೊಂದಿದೆ. ಕಾದಂಬರಿಯ ಮೂರು ಭಾಗಗಳೂ ಆ ಸಂಖ್ಯೆಯಿಂದಲೇ ಆರಂಭವಾಗುತ್ತವೆ. ಮೊದಲ ಭಾಗದಲ್ಲಿ ಮನೆಗೆ ಹಗೆಯಿದೆ, ಎರಡನೆಯದರಲ್ಲಿ ಗದ್ದಲವಿದೆ, ಮೂರನೆಯದರಲ್ಲಿ ಮನೆ ಸದ್ದಡಗಿದೆ. ಆ ಮನೆಯ ತಾಯಿ ಸೆಥೆಗೆ ನಾಲ್ಕು ಮಕ್ಕಳು. ಒಂದು, ಎರಡು, ನಾಲ್ಕು ಎಂಬ ಅಂಕಿಗಳ ನಡುವೆ ಮೂರು ಇಲ್ಲದಿರುವುದನ್ನು ಗಮನಿಸಿ. ಸತ್ತದ್ದು ಮೂರನೆಯ ಮಗು.

ಮನೆಯೊಳಗಿನ ಕಾಟವೂ ಮಗುವಿನ ಕಾಟವೇ. ಕನ್ನಡಿಯಲ್ಲಿ ಮುಖ ನೋಡಿದ ಕ್ಷಣವೇ ಅದು ಒಡೆದು ಚೂರಾಗುತ್ತದೆ. ಕೇಕಿನ ಮೇಲೆ ಎರಡು ಪುಟ್ಟ ಕೈಗಳ ಅಚ್ಚು ಮೂಡುತ್ತದೆ. ಪಾತ್ರೆಯ ತುಂಬ ಬೆಂದ ಕಡಲೆಕಾಳು ನೆಲದ ಮೇಲೆ ಹಬೆಯಾಡುತ್ತ ಗುಡ್ಡೆ ಬಿದ್ದಿರುತ್ತದೆ. ಹೌವರ್ಡ್, ಬಗ್ಲರ್ ಎಂಬ ಇಬ್ಬರು ಗಂಡುಮಕ್ಕಳು ಹದಿಮೂರು ತುಂಬುವ ಹೊತ್ತಿಗೆ ಮನೆ ಬಿಟ್ಟು ಓಡಿಹೋಗುತ್ತಾರೆ. ಅಜ್ಜಿ ಬೇಬಿ ಸಗ್ಸ್ ಹಾಸಿಗೆ ಹಿಡಿದು, ಬೇರೇನೂ ಬೇಡವೆಂದು ಬಣ್ಣದ ಬಟ್ಟೆಯ ತುಂಡುಗಳನ್ನಷ್ಟೇ ನೋಡುತ್ತ ಮಲಗಿ, ಹಾಗೆಯೇ ತೀರಿಕೊಳ್ಳುತ್ತಾಳೆ. ಈ ಮನೆ ಬಿಟ್ಟು ಬೇರೆ ಕಡೆಗೆ ಹೋಗೋಣವೆಂದು ಸೊಸೆ ಒಮ್ಮೆ ಕೇಳಿದಾಗ, ಸತ್ತ ಕರಿಯರ ದುಃಖ ಜಂತೆಯವರೆಗೆ ತುಂಬಿರದ ಮನೆ ಈ ದೇಶದಲ್ಲಿ ಒಂದೂ ಇಲ್ಲ, ಹೋಗಿ ಏನು ಪ್ರಯೋಜನ ಎಂಬರ್ಥದ ಮಾತನ್ನು ಆ ಮುದುಕಿ ಹೇಳುತ್ತಾಳೆ. ಭಯದ ಕಥೆಗಳಲ್ಲಿ ಸಾಮಾನ್ಯವಾಗಿ ಊರಿನ ಎಲ್ಲ ಮನೆಗಳೂ ನೆಟ್ಟಗಿದ್ದು, ಒಂದು ಮನೆಗೆ ಮಾತ್ರ ದೆವ್ವ ಹೊಕ್ಕಿರುತ್ತದೆ. ಇಲ್ಲಿ ಇಡೀ ದೇಶವೇ ಹಾಗಿದೆ.

ಆ ಮಗು ಸತ್ತದ್ದು ಹೇಗೆ? ಸೆಥೆ ಕೆಂಟಕಿಯ 'ಸ್ವೀಟ್ ಹೋಮ್' ಎಂಬ ತೋಟದಲ್ಲಿ ಗುಲಾಮಳಾಗಿದ್ದವಳು. ಎಲ್ಲರೂ ಮೇಷ್ಟ್ರು ಎಂದು ಕರೆಯುವ ಮನುಷ್ಯನೊಬ್ಬ ಆ ತೋಟದ ಆಡಳಿತಕ್ಕೆ ಬರುತ್ತಾನೆ. ಅವನು ಕೂಗಾಡುವವನಲ್ಲ, ಮೆಲುಮಾತಿನವನು, ಪುಸ್ತಕ ಬರೆಯುವವನು. ಒಂದು ದಿನ ಅವನು ತನ್ನ ಶಿಷ್ಯರಿಗೆ ಪಾಠ ಹೇಳುತ್ತಿರುವುದು ಸೆಥೆಯ ಕಿವಿಗೆ ಬೀಳುತ್ತದೆ. ಅವಳ ಮನುಷ್ಯ ಗುಣಗಳನ್ನು ಹಾಳೆಯ ಎಡಕ್ಕೆ ಬರೆಯಿರಿ, ಪ್ರಾಣಿ ಗುಣಗಳನ್ನು ಬಲಕ್ಕೆ ಬರೆಯಿರಿ, ಅವನ್ನು ಸಾಲಾಗಿ ಹೊಂದಿಸುವುದನ್ನು ಮರೆಯಬೇಡಿ ಎನ್ನುತ್ತಿರುತ್ತಾನೆ. ಅವನು ಬರೆಯಲು ಬಳಸುವ ಶಾಯಿಯನ್ನು ಮಾಡಿಕೊಡುತ್ತಿದ್ದವಳು ಸೆಥೆಯೇ. ಅವಳು ಮಾಡುವ ಶಾಯಿಯೇ ಅವನಿಗೆ ಹಿಡಿಸಿತ್ತು. ತನ್ನನ್ನು ದನದ ಸಾಲಿಗೆ ಸೇರಿಸಿದ ಪಟ್ಟಿ ತನ್ನ ಕೈಯ ಶಾಯಿಯಲ್ಲೇ ಬರೆಯಲ್ಪಟ್ಟಿತು ಎಂಬ ನೆನಪು ಮುಂದೆ ಅವಳನ್ನು ಎಷ್ಟು ವರ್ಷವಾದರೂ ಬಿಡುವುದಿಲ್ಲ. ಈ ಕಾದಂಬರಿಯಲ್ಲಿ ನನ್ನನ್ನು ಅತಿಯಾಗಿ ಹೆದರಿಸಿದ್ದು ಒಡೆದ ಕನ್ನಡಿಯಲ್ಲ, ಎಡಕ್ಕೂ ಬಲಕ್ಕೂ ಸಾಲು ಹೊಂದಿಸಿದ ಆ ಹಾಳೆ.

ಸೆಥೆ ತುಂಬು ಬಸುರಿಯಾಗಿ ಓಡಿಬರುತ್ತಾಳೆ, ದಾರಿಯಲ್ಲೇ ಡೆನ್ವರ್ ಎಂಬ ಮಗಳನ್ನು ಹೆರುತ್ತಾಳೆ, ಒಹಾಯೊ ನದಿ ದಾಟಿ ಅತ್ತೆಯ ಮನೆ ಸೇರುತ್ತಾಳೆ. ಅವಳಿಗೆ ಸಿಕ್ಕ ಸ್ವಾತಂತ್ರ್ಯ 28 ದಿನಗಳದ್ದು. ಮೇಷ್ಟ್ರು ಶೆರಿಫನನ್ನು ಕರೆದುಕೊಂಡು ಕುದುರೆಯ ಮೇಲೆ ಬಂದಾಗ ಅವಳು ಮಕ್ಕಳನ್ನು ಬಾಚಿಕೊಂಡು ಕೊಟ್ಟಿಗೆಗೆ ಓಡುತ್ತಾಳೆ. ಎರಡು ವರ್ಷವೂ ತುಂಬದ ಮಗಳನ್ನು ತನ್ನ ಕೈಯಾರೆ ಕೊಲ್ಲುತ್ತಾಳೆ. ಉಳಿದ ಮೂವರು ಹೇಗೋ ಬದುಕುತ್ತಾರೆ.

ಇದು ಕೇವಲ ಕಲ್ಪನೆಯಲ್ಲ. 1856ರ ಜನವರಿಯಲ್ಲಿ ಮಾರ್ಗರೆಟ್ ಗಾರ್ನರ್ ಎಂಬ ಗುಲಾಮ ಹೆಂಗಸು ಕೆಂಟಕಿಯಿಂದ ತಪ್ಪಿಸಿಕೊಂಡು, ಹೆಪ್ಪುಗಟ್ಟಿದ ಒಹಾಯೊ ನದಿಯ ಮೇಲೆ ನಡೆದು, ಕುಟುಂಬದೊಂದಿಗೆ ಸಿನ್ಸಿನಾಟಿಗೆ ಬಂದಳು. ಹಿಡಿಯಲು ಬಂದವರು ಮನೆಯನ್ನು ಸುತ್ತುವರಿದಾಗ ತನ್ನ ಪುಟ್ಟ ಮಗಳನ್ನು ಕೊಂದಳು. ಅವಳನ್ನು ಕೊಲೆಯ ಆರೋಪದಲ್ಲಿ ವಿಚಾರಣೆ ಮಾಡಿರೆಂದು ಕೇಳಿದವರು ಗುಲಾಮಗಿರಿಯ ವಿರೋಧಿಗಳು. ಕೊಲೆಗಾತಿ ಎಂದು ಕರೆದರೆ ಅವಳು ಮನುಷ್ಯಳು, ಸತ್ತ ಮಗು ಅವಳ ಮಗು ಎಂದು ಕಾನೂನು ಒಪ್ಪಿದಂತಾಗುತ್ತಿತ್ತು. ಆದರೆ 1850ರ ಪಲಾಯಿತ ಗುಲಾಮರ ಕಾಯಿದೆಯ ಪ್ರಕಾರ ಅವಳು ಯಾರದೋ ಸ್ವತ್ತು, ಆದ್ದರಿಂದ ಅವಳನ್ನು ಒಡೆಯನಿಗೆ ಒಪ್ಪಿಸಲಾಯಿತು. 1858ರಲ್ಲಿ ಅವಳು ವಿಷಮಶೀತ ಜ್ವರದಿಂದ ತೀರಿಕೊಂಡಳು. ಮಾರಿಸನ್ ಅವರು ಪ್ರಕಾಶನ ಸಂಸ್ಥೆಯೊಂದರಲ್ಲಿ ಸಂಪಾದಕಿಯಾಗಿದ್ದಾಗ, 1974ರಲ್ಲಿ ಪ್ರಕಟವಾದ 'ದ ಬ್ಲ್ಯಾಕ್ ಬುಕ್' ಎಂಬ ಸಂಕಲನದ ಕೆಲಸದಲ್ಲಿ, ಈ ಘಟನೆಯ ಹಳೆಯ ಪತ್ರಿಕಾ ವರದಿಯನ್ನು ಕಂಡರು. ಹೆತ್ತವಳಿಗೆ ಅಳುವ ಹಕ್ಕನ್ನೂ ಕಾನೂನು ಕೊಡದಿದ್ದಾಗ ಆ ದುಃಖ ಎಲ್ಲಿಗೆ ಹೋಗುತ್ತದೆ? ಅದು ಮನೆಯ ಗೋಡೆಗಳಿಗೆ ಇಳಿಯುತ್ತದೆ ಎಂದು ಕಾದಂಬರಿ ಹೇಳುತ್ತದೆ.

ಕಾದಂಬರಿಯ ತಾಯಿ ಮಗುವಿನ ಗೋರಿಗೆ ಒಂದು ಕಲ್ಲನ್ನು ನೆಡಿಸಬೇಕು. ಅವಳ ಬಳಿ ಹಣವಿಲ್ಲ. ಕಲ್ಲು ಕೆತ್ತುವವನು ಅವಳ ದೇಹವನ್ನೇ ಬೆಲೆಯಾಗಿ ಕೇಳುತ್ತಾನೆ. ಹತ್ತು ನಿಮಿಷಕ್ಕೆ ಇಂಗ್ಲಿಷಿನ ಏಳು ಅಕ್ಷರ. ಶವಸಂಸ್ಕಾರದಲ್ಲಿ ಪಾದ್ರಿ 'ಡಿಯರ್ಲಿ ಬಿಲವೆಡ್', ಅತಿ ಪ್ರಿಯರೇ, ಎಂದು ಉಚ್ಚರಿಸಿದ್ದನ್ನು ಅವಳು ಕೇಳಿದ್ದಳು. ಅದರಲ್ಲಿ 'ಬಿಲವೆಡ್' ಎಂಬುದಷ್ಟೇ ಅವಳಿಗೆ ದಕ್ಕುತ್ತದೆ. ಇನ್ನು ಹತ್ತು ನಿಮಿಷ ಸಹಿಸಿದ್ದರೆ 'ಡಿಯರ್ಲಿ' ಎಂಬುದನ್ನೂ ಕೆತ್ತಿಸಬಹುದಿತ್ತೇನೋ ಎಂದು ಅವಳು ಆಮೇಲೆ ಯೋಚಿಸುತ್ತಾಳೆ. ಈ ಯೋಚನೆಯನ್ನು ದಾಟಿ ಮುಂದಿನ ಪುಟಕ್ಕೆ ಹೋಗಲು ನನಗೆ ಪ್ರತಿ ಓದಿನಲ್ಲೂ ಕಷ್ಟವಾಗಿದೆ.

ಹದಿನೆಂಟು ವರ್ಷ ಕಳೆದು, 1873ರಲ್ಲಿ, ಸ್ವೀಟ್ ಹೋಮಿನ ಹಳೆಯ ಸಂಗಾತಿ ಪಾಲ್ ಡಿ ಆ ಮನೆಗೆ ಬರುತ್ತಾನೆ. ಬಾಗಿಲಲ್ಲಿ ಕೆಂಪು ಬೆಳಕು ಮಡುಗಟ್ಟಿರುತ್ತದೆ. ಅದನ್ನು ದಾಟುವಾಗ ಅವನಿಗೆ ಭಯವಾಗುವುದಿಲ್ಲ, ಅಳು ಬರುತ್ತದೆ. ಆಮೇಲೆ ಅವನು ಮೇಜನ್ನೆತ್ತಿ ಬಡಿದು, ಕೂಗಾಡಿ, ದೆವ್ವವನ್ನು ಹೊರಗೆ ಓಡಿಸುತ್ತಾನೆ. ಬೇರೆ ಕಥೆಗಳು ಮುಗಿಯುವ ಈ ಜಾಗದಲ್ಲಿ ಇದು ನಿಜವಾಗಿ ಆರಂಭವಾಗುತ್ತದೆ. ಕೆಲವೇ ದಿನಗಳಲ್ಲಿ ಮನೆಯ ಮುಂದಿನ ಮರದ ಕೊರಡಿನ ಮೇಲೆ, ನೀರಿನಿಂದೆದ್ದು ಬಂದ ತರುಣಿಯೊಬ್ಬಳು ಕುಳಿತಿರುತ್ತಾಳೆ. ಎಷ್ಟು ಕುಡಿದರೂ ಅವಳ ಬಾಯಾರಿಕೆ ತೀರುವುದಿಲ್ಲ. ಕೈಗಳಲ್ಲಿ ಗೆರೆಯಿಲ್ಲ, ಚರ್ಮ ಎಳೆಗೂಸಿನದು. ಹೆಸರು ಕೇಳಿದರೆ ಬಿಲವೆಡ್ ಎನ್ನುತ್ತಾಳೆ. ಸತ್ತ ಮಗು ಬದುಕಿದ್ದರೆ ಎಷ್ಟು ವಯಸ್ಸಾಗುತ್ತಿತ್ತೋ ಅಷ್ಟೇ ವಯಸ್ಸು ಅವಳಿಗೆ. ಇದನ್ನು ಓದುವಾಗ ನಮ್ಮ ತುಳುನಾಡಿನ 'ಕುಲೆ ಮದಿಮೆ' ನೆನಪಾಗುತ್ತದೆ. ಎಳವೆಯಲ್ಲಿ ತೀರಿಹೋದ ಮಕ್ಕಳು ಆ ಲೋಕದಲ್ಲಿ ಬೆಳೆಯುತ್ತಲೇ ಇರುತ್ತಾರೆಂದು ನಂಬಿ, ಮದುವೆಯ ವಯಸ್ಸು ಬಂದಾಗ ಎರಡು ಮನೆಯವರು ಕೂಡಿ ಅವರಿಗೆ ಮದುವೆ ಮಾಡಿಸುತ್ತಾರೆ. ಅಲ್ಲಿ ಸತ್ತವರ ಬೆಳವಣಿಗೆಯನ್ನು ನೋಡಿಕೊಳ್ಳಲು ಬಂಧುಬಳಗವಿದೆ. ಸೆಥೆಗೆ ಅದು ಯಾವುದೂ ಇಲ್ಲ.

ಸೆಥೆ ಮಗಳನ್ನು ಗುರುತಿಸುವುದು ಒಂದು ಹಾಡಿನಿಂದ. ತಾನೇ ಕಟ್ಟಿ ತನ್ನ ಮಕ್ಕಳಿಗಷ್ಟೇ ಹಾಡುತ್ತಿದ್ದ ಹಾಡನ್ನು ಆ ತರುಣಿ ಗುನುಗಿದಾಗ ತಾಯಿಗೆ ಎಲ್ಲವೂ ತಿಳಿಯುತ್ತದೆ. ಅವಳು ಚೀರುವುದಿಲ್ಲ, ಬಾಗಿಲು ಹಾಕಿ ಒಳಗಿನ ಜಗತ್ತೇ ಸಾಕೆಂದು ಕೂರುತ್ತಾಳೆ. ಕೆಲಸ ಹೋಗುತ್ತದೆ, ಕೂಡಿಟ್ಟ 38 ಡಾಲರ್ ರಿಬ್ಬನ್ನಿಗೂ ಸಿಹಿ ತಿಂಡಿಗೂ ಕರಗುತ್ತದೆ, ಮಗಳು ಉಬ್ಬುತ್ತಾಳೆ, ತಾಯಿ ಸೊರಗುತ್ತಾಳೆ. ಯಾಕೆ ಹಾಗೆ ಮಾಡಿದೆನೆಂದು ತಾಯಿ ವಿವರಿಸುತ್ತಲೇ ಇರುತ್ತಾಳೆ, ಮಗಳು ಕ್ಷಮಿಸುವುದಿಲ್ಲ. ಕ್ಷಮಿಸಿದರೆ ಮಾತು ಮುಗಿಯುತ್ತದೆಂಬ ಭಯ ತಾಯಿಗೂ ಇದ್ದಂತಿದೆ. ದೆವ್ವ ಹೋಗಲಿ ಎಂದು ಬೇಡುವ ಮನೆಗಿಂತ, ದೆವ್ವ ಇರಲಿ ಎಂದು ಬೇಡುವ ಮನೆ ಹೆಚ್ಚು ಭಯಾನಕ. ಮಾರಿಸನ್ ಅವರ ಶಕ್ತಿಯೆಲ್ಲ ಇಲ್ಲಿ ಕೂಡಿಕೊಂಡಿದೆ.

ನಾನು ಇಂದು ಮುಖ್ಯವಾಗಿ ಹೇಳಬೇಕೆಂದಿರುವುದು ನೆರೆಹೊರೆಯವರ ವಿಷಯ. ವಿಮರ್ಶೆಗಳಲ್ಲಿ ಇದಕ್ಕೆ ಸಿಗಬೇಕಾದಷ್ಟು ಜಾಗ ಸಿಕ್ಕಿಲ್ಲವೆಂದು ನನಗೆ ಅನಿಸಿದೆ. ಮೇಷ್ಟ್ರು ಬರುವ ಹಿಂದಿನ ದಿನ 124ನೆಯ ಮನೆಯಲ್ಲಿ ದೊಡ್ಡ ಊಟವಾಗಿತ್ತು. ಸ್ಟ್ಯಾಂಪ್ ಪೇಡ್ ಎಂಬ ಮುದುಕ ಮುಳ್ಳಿನ ಪೊದೆಗಳಿಂದ ಬಿಡಿಸಿ ತಂದ ಎರಡು ಬಕೆಟ್ ಹಣ್ಣಿನಿಂದ ಮೊದಲಾದ ಆ ಅಡುಗೆ ಬೆಳೆಯುತ್ತ ಬೆಳೆಯುತ್ತ ತೊಂಬತ್ತು ಜನರಿಗೆ ಬಡಿಸುವಷ್ಟಾಯಿತು. ಎಲ್ಲರೂ ಹೊಟ್ಟೆ ತುಂಬ ತಿಂದರು, ಮರುದಿನ ಬೆಳಿಗ್ಗೆ ಹೊಟ್ಟೆಕಿಚ್ಚುಪಟ್ಟರು. ಈ ಬೇಬಿ ಸಗ್ಸ್‌ಗೆ ಮಾತ್ರ ಇಷ್ಟೆಲ್ಲ ಎಲ್ಲಿಂದ ಬಂತು ಎಂದುಕೊಂಡರು. ಅದಕ್ಕೇ ನಾಲ್ವರು ಕುದುರೆ ಸವಾರರು ಆ ರಸ್ತೆಗೆ ಬಂದಾಗ, ಓಡಿಹೋಗಿ ಸುದ್ದಿ ಮುಟ್ಟಿಸುವ ವಾಡಿಕೆಯಿದ್ದ ಆ ಜನ ಅಂದು ಒಂದು ಮಗುವನ್ನೂ ಕಳಿಸಲಿಲ್ಲ. ಆಮೇಲೆ ಆ ಮನೆಯ ಹತ್ತಿರ ಸುಳಿಯುವುದನ್ನೂ ನಿಲ್ಲಿಸಿದರು. ಅಂದಿನ ಮೌನದ ಪಾಲು ಆ ದೆವ್ವದೊಳಗಿದೆ.

ಆ ಮನೆಯನ್ನು ತೆರೆಯುವವಳು ಮೊದಲು ಹೇಳಿದ ಕಿವುಡಾಗಿದ್ದ ಹುಡುಗಿ ಡೆನ್ವರ್. ತಾಯಿ ಕಣ್ಣೆದುರೇ ಸಾಯುತ್ತಿರುವುದನ್ನು ಕಂಡು, ವರ್ಷಗಳ ಮೇಲೆ ಅಂಗಳ ದಾಟಿ, ಹಳೆಯ ಗುರು ಲೇಡಿ ಜೋನ್ಸ್ ಬಳಿಗೆ ಹೋಗಿ, ಕೆಲಸ ಕೊಡಿಸಿ ಎಂದು ಕೇಳುತ್ತಾಳೆ. ಎರಡು ದಿನ ಕಳೆಯುವುದರೊಳಗೆ ಅಂಗಳದ ಅಂಚಿನಲ್ಲಿ ಒಂದು ಚೀಲ ಬಿಳಿ ಅವರೆಕಾಳು ಕಾಣಿಸುತ್ತದೆ. ಇನ್ನೊಮ್ಮೆ ಒಂದು ತಟ್ಟೆ ಮಾಂಸ, ಮತ್ತೊಮ್ಮೆ ಒಂದು ಬುಟ್ಟಿ ಮೊಟ್ಟೆ. ಕೆಲವು ಪಾತ್ರೆಗಳಲ್ಲಿ ಹೆಸರು ಬರೆದ ಚೀಟಿಯಿರುತ್ತದೆ. ಪಾತ್ರೆ ಹಿಂದಿರುಗಿಸುವ ನೆಪದಲ್ಲಿ ಡೆನ್ವರ್ ಒಂದೊಂದೇ ಮನೆಯ ಬಾಗಿಲು ತಟ್ಟುತ್ತಾಳೆ, ಒಳಗೆ ಕರೆಸಿಕೊಳ್ಳುತ್ತಾಳೆ, ತನ್ನ ಅಜ್ಜಿಯ ಕಥೆ ಕೇಳುತ್ತಾಳೆ. ಸಾವಾದ ಮನೆಯಲ್ಲಿ ಒಲೆ ಹಚ್ಚದೆ, ಅಕ್ಕಪಕ್ಕದವರು ತಂದ ಬುತ್ತಿಯನ್ನು ಉಂಡು ಬೆಳೆದವರಿಗೆ ಈ ಪುಟಗಳನ್ನು ಬಿಡಿಸಿ ಹೇಳಬೇಕಾಗಿಲ್ಲ. ಆ ಬುತ್ತಿ ಈ ಮನೆಗೆ ಹದಿನೆಂಟು ವರ್ಷ ತಡವಾಗಿ ಬಂದಿದೆ, ಅಷ್ಟೇ ವ್ಯತ್ಯಾಸ.

ಕೊನೆಗೆ ಎಲಾ ಎಂಬ ಹೆಂಗಸಿನ ಹಿಂದೆ ಮೂವತ್ತು ಹೆಂಗಸರು ಮನೆಯ ಮುಂದೆ ಬಂದು ನಿಲ್ಲುತ್ತಾರೆ. ಅವರ ಬಳಿ ಮಂತ್ರವಿಲ್ಲ, ತಾಯಿತವನ್ನು ನೆಚ್ಚಿಕೊಂಡವರೂ ಕೆಲವರಷ್ಟೇ. ಪ್ರಾರ್ಥನೆಯ ಮಾತುಗಳು ಸಾಲದಾದಾಗ ಅವರು ಮಾತಿಗೂ ಹಿಂದಿನ ಬರಿಯ ದನಿಯೊಂದನ್ನು ಎತ್ತುತ್ತಾರೆ. ಅದೇ ಹೊತ್ತಿಗೆ ಗಾಡಿಯಲ್ಲಿ ಬಿಳಿಯನೊಬ್ಬ ಬರುತ್ತಾನೆ. ಅವನು ಒಳ್ಳೆಯವನೇ, ಡೆನ್ವರಳಿಗೆ ಕೆಲಸ ಕೊಟ್ಟವನು. ಆದರೆ ಸೆಥೆಯ ಕಣ್ಣಿಗೆ ಮತ್ತೆ ಮೇಷ್ಟ್ರೇ ಬಂದಂತೆ ಕಾಣುತ್ತದೆ. ಅವಳು ಮಂಜುಗಡ್ಡೆ ಒಡೆಯುವ ಚೂಪು ಸಲಾಕೆಯನ್ನು ಹಿಡಿದು ಓಡುತ್ತಾಳೆ, ಈ ಸಲ ಮಗುವಿನ ಕಡೆಗಲ್ಲ, ಅವನ ಕಡೆಗೆ. ಹೆಂಗಸರೆಲ್ಲ ಅವಳ ಮೇಲೆ ಬಿದ್ದು ತಡೆಯುತ್ತಾರೆ. ಆ ಗಡಿಬಿಡಿಯಲ್ಲಿ ಬಿಲವೆಡ್ ಇಲ್ಲವಾಗುತ್ತಾಳೆ.

ಈ ಕಾದಂಬರಿ ಬಂದ ಮೇಲೆ ಮಾರಿಸನ್ ಅವರು ಒಂದು ಸಂದರ್ಭದಲ್ಲಿ, ಗುಲಾಮರಾಗಿ ಬದುಕಿ ಸತ್ತವರನ್ನು ನೆನೆಯಲು ತಮ್ಮ ದೇಶದಲ್ಲಿ ಒಂದು ಸ್ಮಾರಕವಿಲ್ಲ, ಗೋಡೆಯಿಲ್ಲ, ದಾರಿಬದಿಯಲ್ಲಿ ಒಂದು ಸಣ್ಣ ಬೆಂಚು ಕೂಡ ಇಲ್ಲ, ಆದ್ದರಿಂದ ಈ ಪುಸ್ತಕ ಬರಬೇಕಾಯಿತು ಎಂಬರ್ಥದ ಮಾತು ಹೇಳಿದರು. ಅವರ ಹೆಸರಿನ ಸಾಹಿತ್ಯ ಸಂಘದವರು ಆ ಮಾತನ್ನು ಮರೆಯಲಿಲ್ಲ. 2008ರಲ್ಲಿ ಸೌತ್ ಕ್ಯಾರೊಲಿನಾದ ಸಲಿವನ್ಸ್ ದ್ವೀಪದಲ್ಲಿ, ಆಫ್ರಿಕದಿಂದ ಹಡಗುಗಳಲ್ಲಿ ತಂದ ಅಸಂಖ್ಯ ಜನರನ್ನು ಇಳಿಸಿದ ತೀರದಲ್ಲಿ, ಅವರು ಮೊದಲ ಬೆಂಚನ್ನು ಇರಿಸಿದರು. ಆಗ 77 ವರ್ಷದವರಾಗಿದ್ದ ಮಾರಿಸನ್ ಅಲ್ಲಿಗೆ ಬಂದು, ಅದರ ಮೇಲೆ ಕುಳಿತುಕೊಂಡರು.

ನಮಸ್ಕಾರ.